ಒಬ್ಬ ನರ್ಸ್‌ಗೆ ಎಷ್ಟು ಜನ? ಜರ್ಮನ್ ಟಿವಿಯಲ್ಲಿ ಕೇಳಿದ ಒಂದು ಪ್ರಶ್ನೆಯ ಪ್ರಕರಣ

ನನ್ನ ಚಿಕ್ಕಮ್ಮನ ಮಗಳು ಮಂಗಳೂರಿನಲ್ಲಿ ಬಿಎಸ್ಸಿ ನರ್ಸಿಂಗ್ ಮುಗಿಸಿ, ಜರ್ಮನ್ ಕಲಿತು, ಈಗ ಜರ್ಮನಿಯ ಒಂದು ಆಸ್ಪತ್ರೆಯಲ್ಲಿ ಕೆಲಸ ಮಾಡುತ್ತಿದ್ದಾಳೆ. ಹೋದ ಹೊಸತರಲ್ಲಿ ಒಂದು ದಿನ ಫೋನ್ ಮಾಡಿದಳು. "ಅಣ್ಣ, ಇಲ್ಲಿ ಒಬ್ಬ ನರ್ಸಿಂಗ್ ಹುಡುಗ ಟಿವಿಯಲ್ಲಿ ಚಾನ್ಸಲರ್ ಎದುರಿಗೇ ಮಾತಾಡಿದ್ದನಂತೆ. ನಮ್ಮ ವಾರ್ಡಿನಲ್ಲಿ ಇವತ್ತಿಗೂ ಆ ಮಾತು ಬರುತ್ತೆ. ಒಮ್ಮೆ ನೋಡಣ್ಣ" ಅಂದಳು. ನೋಡಿದೆ. ಆಮೇಲೆ ಮತ್ತೆ ಮತ್ತೆ ನೋಡಿದೆ. ಪ್ರಶ್ನೆ ಕೇಳಿದ್ದು ಎಲ್ಲರಿಗೂ ನೆನಪಿದೆ, ಆ ಪ್ರಶ್ನೆಗೆ ಕೊನೆಗೆ ಏನಾಯಿತು ಅನ್ನೋದು ಮಾತ್ರ ಯಾರ ಬಾಯಲ್ಲೂ ಸರಿಯಾಗಿ ಬರಲಿಲ್ಲ. ಅದನ್ನು ಹುಡುಕಿಕೊಂಡು ಹೋದಾಗ ಸಿಕ್ಕಿದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಹುಡುಗನ ಹೆಸರು ಬರೆಯುವುದಿಲ್ಲ. ಅಲ್ಲಿನವರಿಗೆ ಅವನು ಗೊತ್ತಿರುವ ಮುಖವೇ, ಆದರೆ ನಮಗೆ ಇಲ್ಲಿ ಬೇಕಾಗಿರುವುದು ಅವನು ಮಾಡಿದ ಕೆಲಸ. ಸುಮ್ನೆ "ಹುಡುಗ" ಅಂತ ಕರೆಯುತ್ತೇನೆ.

ಆಗ ಪರಿಸ್ಥಿತಿ ಹೇಗಿತ್ತು

2017ರ ಸೆಪ್ಟೆಂಬರ್. ಜರ್ಮನಿಯಲ್ಲಿ 24ಕ್ಕೆ ಚುನಾವಣೆ. ಆಂಗೆಲಾ ಮೆರ್ಕೆಲ್ ಚಾನ್ಸಲರ್, ಅಂದರೆ ನಮ್ಮ ಪ್ರಧಾನಿಯ ಹಾಗೆ ಸರ್ಕಾರದ ಮುಖ್ಯಸ್ಥರು, ಆಗಿ ಸುಮಾರು 12 ವರ್ಷ ಆಗಿತ್ತು. ಸೆಪ್ಟೆಂಬರ್ 3ರಂದು ಅವರಿಗೂ ಎದುರಾಳಿ ಮಾರ್ಟಿನ್ ಶುಲ್ಟ್ಸ್‌ಗೂ ಟಿವಿಯಲ್ಲಿ ನೇರ ಮುಖಾಮುಖಿ ನಡೆಯಿತು. ನಾಲ್ಕು ಚಾನೆಲ್‌ಗಳು ಒಟ್ಟಿಗೆ ತೋರಿಸಿದವು, ನಾಲ್ಕು ನಿರೂಪಕರು ಕೂತಿದ್ದರು. ಹೆಚ್ಚಿನ ಸಮಯ ವಲಸೆ, ಟರ್ಕಿ ಇದರಲ್ಲೇ ಹೋಯಿತು. ಬಾಡಿಗೆ, ಶಾಲೆ, ವಯಸ್ಸಾದವರ ಆರೈಕೆ ಇಂಥ ದಿನನಿತ್ಯದ ವಿಷಯಗಳಿಗೆ ಜಾಗವೇ ಸಿಗಲಿಲ್ಲ ಅಂತ ಜನ ಬೈದುಕೊಂಡರು.

ಆದರೆ ಆಸ್ಪತ್ರೆಗಳ ಒಳಗೆ ಹೊಗೆಯಾಡುತ್ತಾ ವರ್ಷಗಳೇ ಆಗಿದ್ದವು. 2003-04ರಲ್ಲಿ ಅಲ್ಲಿ ಆಸ್ಪತ್ರೆಗೆ ಹಣ ಬರುವ ರೀತಿಯೇ ಬದಲಾಯಿತು. ಕಾಯಿಲೆಗೆ ತಕ್ಕಂತೆ ಕೇಸಿಗೆ ಇಷ್ಟು ಅಂತ ಕಟ್ಟು ಹಣ. ಸೊಂಟದ ಕೀಲು ಬದಲಿಸಿದರೆ ಇಷ್ಟು, ಹೃದಯಕ್ಕೆ ಸ್ಟೆಂಟ್ ಹಾಕಿದರೆ ಇಷ್ಟು. ಈ ಲೆಕ್ಕದಲ್ಲಿ ಆಪರೇಷನ್ ಮಾಡುವ ಡಾಕ್ಟರ್ ವರಮಾನ ತರುವವರು, ರಾತ್ರಿಯೆಲ್ಲ ಎದ್ದು ನೋಡಿಕೊಳ್ಳುವ ನರ್ಸ್ ಬರೀ ಖರ್ಚು. ಖರ್ಚು ಕಡಿಮೆ ಮಾಡಬೇಕು ಅಂದಾಗ ಕತ್ತರಿ ಯಾರ ಮೇಲೆ ಬೀಳುತ್ತದೆ ಅಂತ ಬಿಡಿಸಿ ಹೇಳಬೇಕಾಗಿಲ್ಲ.

ಇನ್ನೊಂದು ವಿಷಯ ನನಗೆ ತುಂಬಾ ನೋವು ಕೊಟ್ಟಿತು. ಯಾವ ರೋಗಿಗೆ ಎಷ್ಟು ಆರೈಕೆ ಬೇಕು ಅಂತ ನೋಡಿ, ವಾರ್ಡಿಗೆ ಎಷ್ಟು ನರ್ಸ್ ಬೇಕು ಅಂತ ಲೆಕ್ಕ ಹಾಕುವ ಪದ್ಧತಿ ಜರ್ಮನಿಯಲ್ಲಿ ಮೊದಲೇ ಇತ್ತು. 1993ರಲ್ಲಿ ತಂದರು. ಆ ಲೆಕ್ಕದ ಪ್ರಕಾರ ಇನ್ನೂ ಜಾಸ್ತಿ ಜನ ಬೇಕು ಅಂತ ಬಂತು. 1997ರ ಹೊತ್ತಿಗೆ ಆ ಪದ್ಧತಿಯನ್ನೇ ತೆಗೆದುಹಾಕಿದರು. ಹುಡುಗ ಟಿವಿಯಲ್ಲಿ ಕೇಳಿದ್ದು, ಹೆಚ್ಚುಕಡಿಮೆ ಒಮ್ಮೆ ಇದ್ದು ಹೋದಂಥದ್ದನ್ನೇ.

ಪ್ರಶ್ನೆ ಕೇಳಿದ ರಾತ್ರಿ

ಸೆಪ್ಟೆಂಬರ್ 11. ಊರು ಲ್ಯೂಬೆಕ್. ಎಆರ್‌ಡಿ ಚಾನೆಲ್‌ನ ಚುನಾವಣಾ ಕಾರ್ಯಕ್ರಮ, ನೇರ ಪ್ರಸಾರ. ಇಲ್ಲಿ ಎದುರಾಳಿ ರಾಜಕಾರಣಿ ಇರುವುದಿಲ್ಲ. ಸುತ್ತಲೂ ಸುಮಾರು 150 ಜನ ಸಾಮಾನ್ಯ ಮತದಾರರು ಕೂತಿರುತ್ತಾರೆ, ನಡುವೆ ಒಬ್ಬ ನಾಯಕ, ಜನ ಎದ್ದು ಪ್ರಶ್ನೆ ಕೇಳುತ್ತಾರೆ.

ಹುಡುಗನಿಗೆ ಆಗ 21 ವರ್ಷ, ನರ್ಸಿಂಗ್ ತರಬೇತಿಯಲ್ಲಿದ್ದ. ಜರ್ಮನಿಯಲ್ಲಿ ಇದು ಮೂರು ವರ್ಷದ ತರಬೇತಿ, ಪಾಠದ ಜೊತೆಗೇ ವಾರ್ಡಿನಲ್ಲಿ ಕೆಲಸವೂ ಇರುತ್ತದೆ. ಅಂದರೆ ಅವನು ಆಸ್ಪತ್ರೆಯನ್ನೂ ವೃದ್ಧಾಶ್ರಮವನ್ನೂ ಒಳಗಿನಿಂದ ನೋಡಿದ್ದ. ಆದರೆ ಅಲ್ಲಿನ ವ್ಯವಸ್ಥೆಗೆ ಹೊಂದಿಕೊಂಡು "ಇದು ಹೀಗೇ ಬಿಡು" ಅನ್ನುವಷ್ಟು ಹಳಬನಾಗಿರಲಿಲ್ಲ.

ಅವನು ಶುರು ಮಾಡಿದ್ದು ಜರ್ಮನ್ ಸಂವಿಧಾನದ ಮೊದಲನೇ ವಿಧಿಯಿಂದ: ಮನುಷ್ಯನ ಘನತೆಗೆ ಯಾರೂ ಕೈ ಹಚ್ಚುವಂತಿಲ್ಲ. ಶಾಲೆಗೆ ಹೋದ ಪ್ರತಿಯೊಬ್ಬ ಜರ್ಮನ್ನನಿಗೂ ಬಾಯಿಪಾಠ ಇರುವ ಸಾಲು ಅದು. 1949ರಲ್ಲಿ, ನಾಜಿಗಳ ಕಾಲ ಮುಗಿದ ನಾಲ್ಕೇ ವರ್ಷಕ್ಕೆ, ಬೇಕಂತಲೇ ಮೊದಲ ಸಾಲಾಗಿ ಇಟ್ಟಿದ್ದು. ಅದನ್ನು ಹೇಳಿ ಆ ಹುಡುಗ, ಈ ಘನತೆಗೆ ದಿನಾ ಸಾವಿರಾರು ಸಲ ಪೆಟ್ಟು ಬೀಳುವುದನ್ನು ನಾನು ನೋಡುತ್ತಿದ್ದೇನೆ ಅಂದ. ಜನ ತಮ್ಮ ಮಲಮೂತ್ರದಲ್ಲೇ ಗಂಟೆಗಟ್ಟಲೆ ಮಲಗಿರುತ್ತಾರೆ ಅಂದ. ಯುದ್ಧ ಮುಗಿದ ಮೇಲೆ ಈ ದೇಶ ಕಟ್ಟಿದ ಜನ ಅವರು ಅಂದ. ನೀವು 12 ವರ್ಷದಿಂದ ಅಧಿಕಾರದಲ್ಲಿದ್ದೀರಿ, ಆರೈಕೆ ಕ್ಷೇತ್ರಕ್ಕೆ ಹೆಚ್ಚೇನೂ ಮಾಡಿಲ್ಲ ಅಂತ ನೇರವಾಗಿಯೇ ಹೇಳಿದ. ಅದಾದ ಮೇಲೆ ಕೇಳಿದ್ದು ಒಂದೇ: ಒಬ್ಬ ನರ್ಸ್ ಗರಿಷ್ಠ ಇಷ್ಟು ಜನರನ್ನು ಮಾತ್ರ ನೋಡಿಕೊಳ್ಳಬೇಕು ಅಂತ ಯಾಕೆ ಒಂದು ಮಿತಿ ಹಾಕಬಾರದು?

ಈ ಜೋಡಣೆಯನ್ನು ನಿಧಾನವಾಗಿ ನೋಡಬೇಕು. ಮೊದಲು ಯಾರೂ ಇಲ್ಲ ಅನ್ನಲಾಗದ ಒಂದು ಸಾಲು. ಆಮೇಲೆ ಕಣ್ಣಿಗೆ ಕಟ್ಟುವ ಒಂದು ಚಿತ್ರ, ಅದೂ ಊಟದ ಹೊತ್ತಿನ ಟಿವಿಯಲ್ಲಿ ಯಾರೂ ಬಾಯಿಬಿಟ್ಟು ಹೇಳದ ಚಿತ್ರ. ಕೊನೆಗೆ ಹೌದು ಅಥವಾ ಇಲ್ಲ ಅಂತ ಉತ್ತರ ಕೊಡಲೇಬೇಕಾದ ಬೇಡಿಕೆ. ನಮ್ಮಲ್ಲಿ ಜನಸಂಪರ್ಕ ಸಭೆಗಳಲ್ಲಿ ಎದ್ದು ನಿಲ್ಲುವವರು ಹೆಚ್ಚಾಗಿ ಕಷ್ಟವನ್ನೇ ಹೇಳಿಕೊಳ್ಳುತ್ತಾರೆ, ಕೊನೆಗೆ "ದಯವಿಟ್ಟು ಏನಾದರೂ ಮಾಡಿ ಸ್ವಾಮಿ" ಅನ್ನುತ್ತಾರೆ. ಆ "ಏನಾದರೂ" ಅನ್ನುವ ಮಾತಿನಲ್ಲೇ ದೊಡ್ಡವರು ನುಣುಚಿಕೊಳ್ಳುತ್ತಾರೆ. ಈ ಹುಡುಗ ಆ ಸಂದು ಕೊಡಲಿಲ್ಲ.

ಮೆರ್ಕೆಲ್ ಸಿಟ್ಟಾಗಲಿಲ್ಲ. ಸಮಾಧಾನವಾಗಿಯೇ ಉತ್ತರ ಕೊಟ್ಟರು. ಮಾನದಂಡಗಳು ಬರುತ್ತಿವೆ, ಪರಿಸ್ಥಿತಿ ಸುಧಾರಿಸುತ್ತದೆ ಅನ್ನುವ ಧಾಟಿ. ಸಾಮಾನ್ಯವಾಗಿ ಇಲ್ಲಿಗೆ ಮುಗಿಯುತ್ತದೆ. ಪ್ರಶ್ನೆ ಕೇಳಿದವರು "ಥ್ಯಾಂಕ್ಸ್" ಹೇಳಿ ಕೂರುತ್ತಾರೆ, ಮೈಕ್ ಮುಂದಕ್ಕೆ ಹೋಗುತ್ತದೆ. ಇವನು ಬಿಡಲಿಲ್ಲ, ಆ ಉತ್ತರವನ್ನೇ ಹಿಡಿದುಕೊಂಡು ಮತ್ತೆ ಕೇಳಿದ. ಕೆಲಸ ಮಾಡುವವರೇ ಇಲ್ಲದಿರುವಾಗ ಅದು ಹೇಗೆ ಆಗುತ್ತದೆ ಅಂದ. ನನ್ನ ಪ್ರಕಾರ ಮೊದಲ ತಿರುವು ಇದೇ. ಮೊದಲ ಪ್ರಶ್ನೆಯನ್ನು ಮನೆಯಲ್ಲಿ ಕೂತು ಸಿದ್ಧ ಮಾಡಬಹುದು. ಎರಡನೆಯದು, ಎದುರಿಗಿರುವವರ ಮಾತನ್ನು ಕಿವಿಗೊಟ್ಟು ಕೇಳಿದವರಿಗೆ ಮಾತ್ರ ಬರುತ್ತದೆ.

ಆಮೇಲೆ

ಆ ತುಣುಕು ಮರುದಿನವೇ ಎಲ್ಲರ ಫೋನಿನಲ್ಲಿತ್ತು. ಒಂದೇ ವಾರಕ್ಕೆ, ಸೆಪ್ಟೆಂಬರ್ 18ರಂದು, ಶುಲ್ಟ್ಸ್ ಅದೇ ಕಾರ್ಯಕ್ರಮಕ್ಕೆ ಬಂದರು. ನಾನು ಗೆದ್ದರೆ ಮೊದಲ 100 ದಿನದಲ್ಲಿ ಆರೈಕೆ ಕ್ಷೇತ್ರವನ್ನು ಹೊಸದಾಗಿ ಶುರು ಮಾಡುತ್ತೇನೆ ಅಂತ ಮಾತು ಕೊಟ್ಟರು. ಚುನಾವಣೆಯಲ್ಲಿ ಅಷ್ಟಾಗಿ ಯಾರೂ ಎತ್ತದಿದ್ದ ವಿಷಯ ಕೊನೇ ಎರಡು ವಾರದಲ್ಲಿ ಮುಂದಕ್ಕೆ ಬಂತು. ಇಷ್ಟು ಮಾಡಿದ್ದು ಆ ಒಂದು ಪ್ರಶ್ನೆಯೇ, ಅದನ್ನು ಕಡಿಮೆ ಅಂತ ಎಣಿಸಬಾರದು.

ಹುಡುಗನಿಗೆ ಟಾಕ್ ಷೋಗಳಿಂದ ಕರೆ ಬಂತು, ಬರುತ್ತಲೇ ಇತ್ತು. ಜರ್ಮನ್ ಟಿವಿಯಲ್ಲಿ ಈ ಚರ್ಚೆಗಳದ್ದೇ ಒಂದು ಲೋಕ. ಅಲ್ಲಿ ಒಂದು ಪದ ಬಳಸುತ್ತಾರೆ, "ಬೆಟ್ರೊಫೆನೆ". ಅಂದರೆ ಸ್ವತಃ ಅನುಭವಿಸಿದವರು. ಮಂತ್ರಿ, ಪ್ರೊಫೆಸರ್, ಪತ್ರಕರ್ತ ಇವರ ಜೊತೆಗೆ ಅನುಭವಿಸಿದವರು ಒಬ್ಬರು. ಹಿಂದೆ ಒಂದು ಪ್ರಸಿದ್ಧ ಕಾರ್ಯಕ್ರಮದಲ್ಲಿ ಅವರನ್ನು ಬೇರೆಯೇ ಒಂದು ಸೋಫಾದಲ್ಲಿ ಕೂರಿಸುತ್ತಿದ್ದರು. ಸೋಫಾದಲ್ಲಿ ಕೂತವರು ಕತೆ ಹೇಳಬೇಕು, ಮೇಜಿನ ಸುತ್ತ ಕೂತವರು ಪರಿಹಾರ ಹೇಳಬೇಕು. ಈ ಹುಡುಗ ಸೋಫಾದ ಕೆಲಸಕ್ಕೆ ಒಪ್ಪಲಿಲ್ಲ. ಮಂತ್ರಿಗಳ ಸಮಕ್ಕೆ ಕೂತು ವಾದ ಮಾಡಿದ, ಬೇರೆ ದೇಶಗಳ ಉದಾಹರಣೆ ಕೊಟ್ಟ, ಮಧ್ಯೆ ಬಾಯಿ ಹಾಕಿದ. ಕೆಲವರಿಗೆ ಇದು ಉದ್ಧಟತನ ಅನಿಸಿತು. ನನಗೆ ಹಾಗೆ ಅನಿಸಲಿಲ್ಲ. ಮುಂದೆ ಅವನು ಒಂದು ಪಕ್ಷ ಸೇರಿದ, ಪುಸ್ತಕವನ್ನೂ ಬರೆದ, ತರಬೇತಿ ಮುಗಿಸಿ ಆಸ್ಪತ್ರೆಯ ಕೆಲಸವನ್ನೂ ಮಾಡಿದ.

ಕಾನೂನು ಬಂತು, ಯಾವ ಕಾನೂನು?

ಇಲ್ಲಿಂದ ಮುಂದಿನದೇ ನಾನು ನಿಜವಾಗಿ ಹೇಳಬೇಕು ಅಂದುಕೊಂಡಿದ್ದು.

2018ರ ಮಾರ್ಚಿನಲ್ಲಿ ಹೊಸ ಸರ್ಕಾರ ಬಂತು. ಮೆರ್ಕೆಲ್ ಅವರೇ ಚಾನ್ಸಲರ್, ಯೆನ್ಸ್ ಶ್ಪಾನ್ ಆರೋಗ್ಯ ಮಂತ್ರಿ. ಮೈತ್ರಿ ಒಪ್ಪಂದದಲ್ಲಿ ಆರೈಕೆಗೆ 8,000 ಹೊಸ ಹುದ್ದೆ ಅಂತ ಬರೆದಿದ್ದರು. ಇದು ಯಾವ ಮೂಲೆಗೂ ಸಾಲದು ಅಂತ ಗಲಾಟೆ ಆದ ಮೇಲೆ ವೃದ್ಧಾಶ್ರಮಗಳಿಗೆ 13,000 ಅಂತ ಮಾಡಿದರು. ಕೇಳೋದಕ್ಕೆ ದೊಡ್ಡ ಸಂಖ್ಯೆ. ಆದರೆ ಹಂಚಿಕೆ ನೋಡಿ: 40 ಜನರವರೆಗೆ ಇರುವ ಆಶ್ರಮಕ್ಕೆ ಅರ್ಧ ಹುದ್ದೆ, 41ರಿಂದ 80 ಜನ ಇದ್ದರೆ ಒಂದು. ಒಂದು ಹುದ್ದೆ ಅಂದರೆ ಒಬ್ಬರು. ಅವರಿಗೂ ವಾರದ ರಜೆ ಇದೆ, ಜ್ವರ ಬರುತ್ತದೆ. ಮೂರು ಪಾಳಿಗೆ ಹಂಚಿದರೆ ಉಳಿಯುವುದೆಷ್ಟು?

ಹುಡುಗ ಕೇಳಿದ್ದ ಮಿತಿ 2019ರ ಜನವರಿ 1ರಂದು ಜಾರಿಗೆ ಬಂತು. ಒಬ್ಬ ನರ್ಸ್‌ಗೆ ಇಷ್ಟೇ ರೋಗಿಗಳು ಅಂತ. ಇದನ್ನು ಓದಿ ನನಗೂ ಮೊದಲು ಖುಷಿಯಾಯಿತು, ಕೇಳಿದ್ದು ಸಿಕ್ಕಿತು ಅಂದುಕೊಂಡೆ. ನೋಡಿದರೆ, ಇಂಥ ಮಿತಿ ಹಾಕಬೇಕು ಅನ್ನುವ ಕಾನೂನು ಪ್ರಶ್ನೆ ಕೇಳುವ ಮೊದಲೇ, 2017ರ ಬೇಸಿಗೆಯಲ್ಲೇ, ಪಾಸಾಗಿತ್ತು. ಹಾಗಾಗಿ ಟಿವಿಯಲ್ಲಿ ಕೇಳಿದ್ದಕ್ಕೇ ಕಾನೂನು ಬಂತು ಅನ್ನುವುದು ಸರಿಯಲ್ಲ. ಆದರೆ ಆಗ ಅದು ಖಾಲಿ ಚೌಕಟ್ಟು. ಒಳಗೆ ಯಾವ ಸಂಖ್ಯೆ ಬರಬೇಕು ಅನ್ನೋದನ್ನು ಆರೋಗ್ಯ ವಿಮಾ ಸಂಸ್ಥೆಗಳ ಒಕ್ಕೂಟ ಮತ್ತು ಆಸ್ಪತ್ರೆಗಳ ಒಕ್ಕೂಟ ಕೂತು ಮಾತಾಡಿ ತೀರ್ಮಾನಿಸಬೇಕಿತ್ತು. ಒಬ್ಬರು ಹಣ ಕೊಡುವವರು, ಇನ್ನೊಬ್ಬರು ಹಣ ಪಡೆಯುವವರು. ಅವರಿಬ್ಬರ ಮಾತು ಮುರಿಯಿತು. ಕೊನೆಗೆ ಮಂತ್ರಾಲಯವೇ 2018ರ ಅಕ್ಟೋಬರ್‌ನಲ್ಲಿ ಸಂಖ್ಯೆ ಬರೆಯಿತು.

ಮೊದಲಿಗೆ ನಾಲ್ಕೇ ವಿಭಾಗ: ಐಸಿಯು, ಹೃದಯ, ಅಪಘಾತ ಶಸ್ತ್ರಚಿಕಿತ್ಸೆ, ವೃದ್ಧರ ವಿಭಾಗ. ವೃದ್ಧರ ವಿಭಾಗದಲ್ಲಿ ಹಗಲು ಒಬ್ಬ ನರ್ಸ್‌ಗೆ 10 ರೋಗಿಗಳು, ರಾತ್ರಿ 20. ಹೃದಯದ ವಿಭಾಗದಲ್ಲಿ ಹಗಲು 12, ರಾತ್ರಿ 24.

ಈ 20ನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ರಾತ್ರಿ ಪಾಳಿ ಹತ್ತು ಗಂಟೆ ಅಂದುಕೊಳ್ಳಿ, 600 ನಿಮಿಷ. ಇಪ್ಪತ್ತು ಜನರಿಗೆ ಹಂಚಿದರೆ ತಲೆಗೆ 30 ನಿಮಿಷ, ಇಡೀ ರಾತ್ರಿಗೆ. ಅದರಲ್ಲೇ ಮಾತ್ರೆ ಜೋಡಿಸುವುದು, ಡ್ರಿಪ್ ಬದಲಿಸುವುದು, ಬರೆದಿಡುವುದು. ತಾವಾಗಿ ಮಗ್ಗುಲು ಬದಲಿಸಲಾಗದವರನ್ನು ಆಗಾಗ ತಿರುಗಿಸಬೇಕು, ಇಲ್ಲದಿದ್ದರೆ ಬೆನ್ನು ಹುಣ್ಣಾಗುತ್ತದೆ. ಭಾರದ ಮನುಷ್ಯನನ್ನು ತಿರುಗಿಸಲು ಇಬ್ಬರು ಬೇಕು, ಇರುವುದು ಒಬ್ಬರು. ಆ ಹೊತ್ತಿಗೆ ಮೂರು ರೂಮಿನ ಬಾಗಿಲ ಮೇಲೆ ದೀಪ ಹತ್ತಿರುತ್ತದೆ. ಒಬ್ಬರಿಗೆ ಬೆಡ್‌ಪ್ಯಾನ್ ಬೇಕು. ಇನ್ನೊಬ್ಬರು ಮರೆವಿನ ಕಾಯಿಲೆಯವರು, ಮನೆಗೆ ಹೋಗಬೇಕು ಅಂತ ಮಂಚ ಇಳಿಯುತ್ತಿದ್ದಾರೆ. ಬಿದ್ದುಬಿಡುತ್ತಾರೆ ಅಂತ ಮೊದಲು ಅವರ ಹತ್ತಿರ ಓಡಬೇಕು. ಬೆಡ್‌ಪ್ಯಾನ್ ಕೇಳಿದವರು ಕಾಯುತ್ತಾರೆ. ಕಾದೂ ಕಾದೂ ಆಗದೆ ಹೋಗುತ್ತದೆ. ಹುಡುಗ ಟಿವಿಯಲ್ಲಿ ಹೇಳಿದ್ದು ಈ ಮಂಚದ ಮಾತನ್ನೇ. ಅಲ್ಲಿ ಯಾರೂ ಕೆಟ್ಟವರಿಲ್ಲ. ಇರುವ ಎರಡು ಕೈ ಸಾಲುತ್ತಿಲ್ಲ ಅಷ್ಟೇ.

ಸರಿ, ಈ 20 ಎಲ್ಲಿಂದ ಬಂತು? ರೋಗಿಗೆ ಎಷ್ಟು ಬೇಕು ಅಂತ ಲೆಕ್ಕ ಹಾಕಿ ಬಂದದ್ದಲ್ಲ. ಈಗ ಆಸ್ಪತ್ರೆಗಳಲ್ಲಿ ಎಷ್ಟು ಜನ ಇದ್ದಾರೆ ಅಂತ ನೋಡಿ, ತೀರಾ ಕೆಳಗಿನ ಕಾಲು ಭಾಗ ಎಲ್ಲಿ ಮುಗಿಯುತ್ತದೋ ಅಲ್ಲಿ ಗೆರೆ ಎಳೆದರು. ಅಂದರೆ ಅತಿ ಕೆಟ್ಟ ವಾರ್ಡುಗಳು ಸ್ವಲ್ಪ ಮೇಲೆ ಬರಬೇಕು, ಉಳಿದವರಿಗೆ ಏನೂ ಬದಲಾವಣೆ ಇಲ್ಲ. ಬರಗಾಲದಲ್ಲಿ ಜನ ಎಷ್ಟು ತಿಂದರು ಅಂತ ಅಳೆದು ಅದನ್ನೇ ರೇಷನ್ ಅಂತ ಬರೆದ ಹಾಗೆ. ಇನ್ನೂ ಒಂದಿದೆ. ಲೆಕ್ಕ ನೋಡುತ್ತಿದ್ದುದು ತಿಂಗಳ ಸರಾಸರಿಯಲ್ಲಿ. ಒಂದು ಭೀಕರ ರಾತ್ರಿ, ಎರಡು ಒಳ್ಳೆಯ ರಾತ್ರಿಗಳ ನಡುವೆ ಸೇರಿ ಕಾಣದ ಹಾಗೆ ಆಗಬಹುದಿತ್ತು. ಆ ಭೀಕರ ರಾತ್ರಿ ಮಲಗಿದ್ದವರಿಗೆ ಸರಾಸರಿ ತಗೊಂಡು ಏನಾಗಬೇಕು?

2020ರ ಮಾರ್ಚ್‌ನಲ್ಲಿ ಕೊರೊನಾ ಜೋರಾಗಿ ಹಬ್ಬಿತು. ನರ್ಸುಗಳಿಗಾಗಿ ಜನ ಬಾಲ್ಕನಿಯಲ್ಲಿ ನಿಂತು ಚಪ್ಪಾಳೆ ತಟ್ಟಿದ್ದು, ನಮ್ಮ ಹಾಗೇ, ಅಲ್ಲೂ ನಡೆಯಿತು. ಅದೇ ತಿಂಗಳು ಸರ್ಕಾರ ಈ ಮಿತಿಯನ್ನು ತಡೆಹಿಡಿಯಿತು. ಆಗಸ್ಟ್‌ನಲ್ಲಿ ಐಸಿಯು ಮತ್ತು ವೃದ್ಧರ ವಿಭಾಗಕ್ಕೆ ಮಾತ್ರ ವಾಪಸ್ ತಂದರು. ಕಷ್ಟ ಬಂದಾಗ ಮೊದಲು ಕಳಚಿದ್ದು ಇದನ್ನೇ ಅನ್ನುವುದು ನನಗೆ ಇವತ್ತಿಗೂ ಅರಗುವುದಿಲ್ಲ.

ಎಲ್ಲಿ ತಪ್ಪಿತು ಅಂತ ಕೇಳಿದರೆ, ಹುಡುಗನ ಪ್ರಶ್ನೆಯಲ್ಲಿ ತಪ್ಪಿರಲಿಲ್ಲ. "ಇಷ್ಟು ಜನ" ಅನ್ನುವ ಜಾಗ ಖಾಲಿ ಬಿಟ್ಟಿದ್ದ, ಅಷ್ಟೇ. ಅದನ್ನು ತುಂಬಿದ್ದು ವಾರ್ಡಿನಲ್ಲಿ ದುಡಿಯುವವರಲ್ಲ, ಮಂತ್ರಾಲಯ. 21ರ ವಯಸ್ಸಿನ ಒಬ್ಬನೇ ಹುಡುಗ ಒಂದೆರಡು ನಿಮಿಷದಲ್ಲಿ ಅದನ್ನೂ ತುಂಬಬೇಕಿತ್ತು ಅನ್ನುವುದು ಅನ್ಯಾಯ. ಅದು ಒಬ್ಬರಿಂದ ಆಗುವ ಕೆಲಸವೂ ಅಲ್ಲ. ಯಾರಿಂದ ಆಗುತ್ತದೆ ಅನ್ನುವುದಕ್ಕೆ ಉತ್ತರ ಟಿವಿಯ ಹೊರಗೆ ಸಿಕ್ಕಿತು.

ಬರ್ಲಿನ್, 2021

ಬರ್ಲಿನ್‌ನ ಶಾರಿಟೆ ಆಸ್ಪತ್ರೆಯಲ್ಲಿ ನರ್ಸುಗಳು 2015ರಲ್ಲೇ ಮುಷ್ಕರ ಮಾಡಿದ್ದರು. ಸಂಬಳ ಜಾಸ್ತಿ ಮಾಡಿ ಅಂತ ಅಲ್ಲ, ವಾರ್ಡಿಗೆ ಜನ ಕೊಡಿ ಅಂತ. ಒಪ್ಪಂದ 2016ರಲ್ಲಿ ಆಯಿತು, ಆದರೆ ಆಸ್ಪತ್ರೆ ಅದನ್ನು ಮುರಿದರೆ ಕೇಳುವವರಿರಲಿಲ್ಲ. 2021ರಲ್ಲಿ ಮತ್ತೆ ಎದ್ದರು. ಈ ಸಲ ಶಾರಿಟೆ ಜೊತೆಗೆ ನಗರದ ಇನ್ನೊಂದು ದೊಡ್ಡ ಸಾರ್ವಜನಿಕ ಆಸ್ಪತ್ರೆ ಸಮೂಹ ವಿವಾಂಟೆಸ್ ಕೂಡ. ಮೇ 12, ದಾದಿಯರ ದಿನ. ಆ ದಿನ 100 ದಿನಗಳ ಗಡುವು ಕೊಟ್ಟರು. ಸೆಪ್ಟೆಂಬರ್ 26ಕ್ಕೆ ದೇಶದ ಚುನಾವಣೆ, ಬರ್ಲಿನ್ ನಗರದ ಚುನಾವಣೆಯೂ ಅವತ್ತೇ. ಹುಡುಗ 2017ರಲ್ಲಿ ಚುನಾವಣೆಗೆ ಎರಡು ವಾರ ಇರುವಾಗ ಪ್ರಶ್ನೆ ಕೇಳಿದ್ದ. ಇವರು ಲೆಕ್ಕ ಹಾಕಿ ನಾಲ್ಕು ತಿಂಗಳಿಗೂ ಹೆಚ್ಚು ಮುಂಚೆಯೇ ಶುರು ಮಾಡಿದರು.

ಆ ನೂರು ದಿನದಲ್ಲಿ ಅವರು ಮಾಡಿದ ಕೆಲಸ ನನಗೆ ಎಲ್ಲಕ್ಕಿಂತ ಇಷ್ಟವಾಯಿತು. ವಾರ್ಡು ವಾರ್ಡಿಗೂ ಪ್ರತಿನಿಧಿಗಳನ್ನು ಆರಿಸಿದರು. ಪ್ರತಿ ತಂಡವೂ ತನ್ನ ವಾರ್ಡಿಗೆ ಎಷ್ಟು ಜನ ಬೇಕು ಅಂತ ತಾನೇ ಕೂತು ಲೆಕ್ಕ ಹಾಕಿತು. ಯೂನಿಯನ್ ಮಾತುಕತೆಗೆ ಹೋದಾಗ ಆ ಪ್ರತಿನಿಧಿಗಳ ಒಪ್ಪಿಗೆ ಇಲ್ಲದೆ ಸಂಖ್ಯೆ ಬಿಟ್ಟುಕೊಡಲಿಲ್ಲ. ಹುಡುಗ ಖಾಲಿ ಬಿಟ್ಟಿದ್ದ ಜಾಗವನ್ನು ಇವರು ತುಂಬಿದರು.

ಗಡುವು ಮುಗಿಯಿತು. ಸೆಪ್ಟೆಂಬರ್ 9ರಿಂದ ಮುಷ್ಕರ, ಸುಮಾರು ಒಂದು ತಿಂಗಳು. ಅಕ್ಟೋಬರ್‌ನಲ್ಲಿ ಶಾರಿಟೆ ಒಪ್ಪಿತು, ಆಮೇಲೆ ವಿವಾಂಟೆಸ್. ಈ ಸಲ ಒಪ್ಪಂದ ಮುರಿದರೆ ಏನು ಅನ್ನೋದನ್ನೂ ಬರೆದರು. ಶಾರಿಟೆಯಲ್ಲಿ ಜನ ಕಡಿಮೆ ಇರುವ ಪಾಳಿಯಲ್ಲಿ ದುಡಿದರೆ ಲೆಕ್ಕಕ್ಕೆ ಬರುತ್ತದೆ. ಅಂಥ ಐದು ಪಾಳಿ ಆದರೆ ಒಂದು ಪಾಳಿ ರಜೆ. ಇಲ್ಲಿ ತಿಂಗಳ ಸರಾಸರಿ ಇಲ್ಲ. ಆ ರಾತ್ರಿ ಆ ವಾರ್ಡಿನಲ್ಲಿ ಎಷ್ಟು ಜನ ಇದ್ದರು, ಅಷ್ಟೇ.

2022ರಲ್ಲಿ ನಾರ್ತ್ ರೈನ್ ವೆಸ್ಟ್‌ಫಾಲಿಯಾ ರಾಜ್ಯದ ಆರು ವಿಶ್ವವಿದ್ಯಾಲಯ ಆಸ್ಪತ್ರೆಗಳಲ್ಲೂ ಇದೇ ದಾರಿ ಹಿಡಿದರು. ಅಲ್ಲೂ 100 ದಿನದ ಗಡುವು, ರಾಜ್ಯ ಚುನಾವಣೆಯ ಹೊತ್ತಿಗೆ ಸರಿಯಾಗಿ. ಮುಷ್ಕರ 77 ದಿನ ನಡೆಯಿತು. ನೆನಪಿಡಿ, ರೋಗಿಗಳನ್ನು ಬಿಟ್ಟು ಹೊರಗೆ ನಿಲ್ಲುವುದು ನರ್ಸ್ ಆದವರಿಗೆ ಸುಲಭವಲ್ಲ. ತುರ್ತು ಸೇವೆಗೆ ಎಷ್ಟು ಜನ ಒಳಗಿರಬೇಕು ಅಂತ ಹೊಂದಿಸಿಕೊಂಡೇ 77 ದಿನ ನಿಂತರು.

ದೇಶದ ಮಟ್ಟದಲ್ಲಿ, 1997ರಲ್ಲಿ ಹೋಗಿದ್ದ ಲೆಕ್ಕದ ಪದ್ಧತಿಯ ಹೊಸ ರೂಪ 2024ರ ಜುಲೈನಲ್ಲಿ ವಾಪಸ್ ಬಂತು. ರೋಗಿಗೆ ಎಷ್ಟು ಬೇಕು ಅನ್ನುವುದರಿಂದ ಶುರುವಾಗುವ ಲೆಕ್ಕ. ಬಂದಿದೆ, ಆದರೆ ಇನ್ನೂ ಎಳೆಯದು. ನರ್ಸುಗಳ ಖರ್ಚನ್ನು 2020ರಿಂದ ಕೇಸಿಗೆ ಇಷ್ಟು ಅನ್ನುವ ಹಣದಿಂದ ಬೇರೆ ಮಾಡಿದ್ದಾರೆ. ಹಾಗಾಗಿ ನರ್ಸನ್ನು ಕಡಿಮೆ ಮಾಡಿ ಹಣ ಉಳಿಸುವ ಆಸೆ ಮೊದಲಿನಷ್ಟು ಇಲ್ಲ. ಈಗಿನ ತೊಂದರೆ ಬೇರೆ, ಹುದ್ದೆ ಇದ್ದರೂ ಜನ ಸಿಗುತ್ತಿಲ್ಲ. ಅದಕ್ಕೇ 2019ರಲ್ಲಿ ಶ್ಪಾನ್ ಜನ ಹುಡುಕಿಕೊಂಡು ಕೊಸೊವೊಗೂ ಮೆಕ್ಸಿಕೋಗೂ ಹೋಗಿದ್ದು. ಅದಕ್ಕೇ 2021ರ ಕೊನೆಯಲ್ಲಿ ಕೇರಳ ಸರ್ಕಾರದ ಜೊತೆ ಒಪ್ಪಂದ ಆಗಿದ್ದು. ನಮ್ಮ ಮಂಗಳೂರು ಕಡೆಯ ಹುಡುಗಿಯರು ಬೆಳಿಗ್ಗೆ ಡ್ಯೂಟಿ, ಸಂಜೆ ಜರ್ಮನ್ ಕ್ಲಾಸು ಅಂತ ಓಡಾಡುತ್ತಿರುವುದೂ ಇದಕ್ಕೇ.

ನನ್ನ ತಂಗಿಗೆ ಈಗ ಕಾಲೇಜಿನ ಜೂನಿಯರ್‌ಗಳು ಫೋನ್ ಮಾಡುತ್ತಾರೆ. ಸಂಬಳ ಎಷ್ಟಕ್ಕಾ, ರೂಮ್ ಕೊಡ್ತಾರಾ, ಚಳಿ ಜಾಸ್ತಿನಾ ಅಂತ. ಎಲ್ಲದಕ್ಕೂ ಉತ್ತರ ಕೊಟ್ಟು ಅವಳು ಒಂದು ಜರ್ಮನ್ ವಾಕ್ಯ ಬರೆಸುತ್ತಾಳೆ. ಇಂಟರ್‌ವ್ಯೂ ಕೊನೆಯಲ್ಲಿ "ನಿಮಗೇನಾದರೂ ಕೇಳೋದಿದೆಯಾ" ಅಂದಾಗ ಇದನ್ನೇ ಕೇಳಿ ಅನ್ನುತ್ತಾಳೆ: "ವೀ ಫೀಲೆ ಪಾಟ್ಸಿಯೆಂಟೆನ್ ಹಾಟ್ ಐನೆ ಫ್ಲೇಗೆಕ್ರಾಫ್ಟ್ ಇನ್ ಡೆರ್ ನಾಖ್ಟ್?" ರಾತ್ರಿ ಪಾಳಿಯಲ್ಲಿ ಒಬ್ಬ ನರ್ಸ್‌ಗೆ ಎಷ್ಟು ರೋಗಿಗಳು?

"ಕೇಳಿದರೆ ಕೆಲಸ ಕೊಡದೆ ಇದ್ದುಬಿಟ್ಟರೆ ಅಕ್ಕಾ?" ಅಂತ ಒಬ್ಬಳು ಹೆದರಿದಳಂತೆ.

"ಸಂಖ್ಯೆ ಹೇಳಿದರೆ ಬರೆದುಕೋ. ಹೇಳದೆ ಮಾತು ತಿರುಗಿಸಿದರೆ, ಇನ್ನೊಂದು ಸಲ ಕೇಳು" ಅಂದಳಂತೆ ನಮ್ಮವಳು.